ಬಾಗಿಲು ಮೂರರ ಬಾಡಿಗೆ

ಸತ್ತವರ ಕುರ್ಚಿಯಲ್ಲಿ ಕೂತು ಕೆಲಸ ಮಾಡಿದವರಿಗೆ ಒಂದು ಸಂಗತಿ ಗೊತ್ತಿರುತ್ತದೆ. ಕುರ್ಚಿ ವಾರದೊಳಗೆ ನಮ್ಮದಾಗುತ್ತದೆ, ಫೋನ್ ನಂಬರು ಆಗುವುದಿಲ್ಲ. ಕುವೈತ್‌ನ ಈ ಕಂಪನಿಗೆ ಸೇರಿದ ದಿನ ನನ್ನ ಕೈಗೆ ಬಂದದ್ದೆಲ್ಲ ನನಗಿಂತ ಮುಂಚೆ ಅದೇ ಮೇಜಿನಲ್ಲಿದ್ದವರದು: ಲ್ಯಾಪ್‌ಟಾಪು, ಡ್ರಾಯರಿನ ಕೀಲಿ, ಕಂಪನಿಯ ಸಿಮ್ ಹಾಕಿದ ಫೋನು, ಹಿಡಿಯ ಹತ್ತಿರ ಬಿರುಕು ಬಿಟ್ಟ ಚಹಾದ ಕಪ್ಪು. ಅವರು ಉಳ್ಳಾಲದ ಕಡೆಯ ಬ್ಯಾರಿ. ಅಬ್ಬಾಸಿಯಾದ ರೂಮಿನಲ್ಲಿ ಒಂದು ಮಧ್ಯಾಹ್ನ ಊಟ ಮಾಡಿ ಮಲಗಿದವರು ಮತ್ತೆ ಏಳಲಿಲ್ಲವಂತೆ. ನಾನು ಅವರ ಮುಖವನ್ನೂ ನೋಡಿದವನಲ್ಲ. ಆದರೂ ಗೋದಾಮಿನವರು, ಡ್ರೈವರುಗಳು, ಎದುರಿನ ಚಹಾದಂಗಡಿಯವನು, ಎಲ್ಲರೂ ಮೊದಲ ದಿನದಿಂದ ನನ್ನನ್ನು ಅವರ ಹೆಸರಿನಿಂದಲೇ ಕರೆದರು. ಎರಡು ವಾರ ತಿದ್ದಿದೆ. ಆಮೇಲೆ ಸುಸ್ತಾಗಿ ಓಗೊಡತೊಡಗಿದೆ. ಸತ್ತವರ ಹೆಸರಿಗೆ ಓಗೊಡಬಾರದು ಎಂದು ಹೆಂಡತಿ ಸಿಡಿಮಿಡಿಗೊಂಡಳು. "ಸಂಬಳ ನನ್ನ ಹೆಸರಿಗೇ ಬರ್ತದಲ್ಲ ಮಾರಾಯ್ತಿ" ಎಂದು ನಗೆಯಾಡಿದೆ. ಅವಳು ನಗಲಿಲ್ಲ.

ನಮ್ಮದು ಹೊರದೇಶಗಳಿಂದ ಕೋಳಿ, ಮೀನು, ತರಕಾರಿ ತರಿಸಿ ಮಾರುವ ಕಂಪನಿ. ಕಚೇರಿ ಖೈತಾನ್‌ನಲ್ಲಿ, ಮಾಲು ಇಡುವ ಕೋಲ್ಡ್ ಸ್ಟೋರು ಶುವೈಖ್‌ನಲ್ಲಿ. ಬಿಲ್ಲು, ದಾಸ್ತಾನು, ಲಾರಿಗಳ ಲೆಕ್ಕ ಎಲ್ಲ ಕ್ಲೌಡಿನಲ್ಲಿತ್ತು. ಕ್ಲೌಡು ಎಂದರೆ ಬೇರೇನಲ್ಲ, ಬೇರೆಯವರ ಕಂಪ್ಯೂಟರನ್ನು ಗಂಟೆ ಲೆಕ್ಕದಲ್ಲಿ ಬಾಡಿಗೆಗೆ ತೆಗೆದುಕೊಳ್ಳುವುದು. ಕೆಲಸ ಮುಗಿದರೂ ನಾವಾಗಿ ಆಫ್ ಮಾಡದಿದ್ದರೆ ಮೀಟರು ಓಡುತ್ತಲೇ ಇರುತ್ತದೆ, ಟ್ಯಾಕ್ಸಿಯಿಂದ ಇಳಿದ ಮೇಲೂ ಓಡುವ ಹಾಗೆ. ಪ್ರತಿ ತಿಂಗಳ ಕೊನೆಯ ವಾರ ಮುಂದಿನ ತಿಂಗಳ ಖರ್ಚನ್ನು ಅಂದಾಜು ಮಾಡಿ ಕೊಡುವುದು, ಆಮೇಲೆ ಬಿಲ್ಲು ಆ ಗೆರೆ ದಾಟದ ಹಾಗೆ ಕಾಯುವುದು, ಇದು ನನ್ನ ಕೆಲಸ. ಗುರುವಾರ ಸಂಜೆ ಯಾವ ಯಂತ್ರ ಮಲಗಬೇಕು, ಶುಕ್ರ ಶನಿಯ ವಾರದ ರಜೆ ಮುಗಿದು ಭಾನುವಾರ ಬೆಳಿಗ್ಗೆ ಯಾವುದು ಏಳಬೇಕು ಎಂದು ವೇಳಾಪಟ್ಟಿ ಬರೆಯುತ್ತಿದ್ದೆ. ಯಾರೂ ತೆರೆದು ನೋಡದ ಹಳೆಯ ಕಡತಗಳನ್ನು ಅಗ್ಗದ ಜಾಗಕ್ಕೆ ದಬ್ಬುತ್ತಿದ್ದೆ. ಪ್ರತಿ ಯಂತ್ರದ ಮುಂದೆ ಮಾಲೀಕನ ಹೆಸರು, ಅದು ಏಕೆ ಬೇಕು ಎಂಬ ಕಾರಣ ಇರಲೇಬೇಕು ಎಂಬ ಹಳೆಯ ನಿಯಮವನ್ನು ಬಿಗಿ ಮಾಡಿದವನೂ ನಾನೇ. ಹೆಸರನ್ನು ಒಬ್ಬೊಬ್ಬರು ಒಂದೊಂದು ಥರ ಬರೆಯುತ್ತಾರೆಂದು ಹೆಸರಿನ ಬದಲು ನೌಕರರ ನಂಬರು ಹಾಕುತ್ತಿದ್ದೆವು.

ಸೇರಿದ ಮೊದಲೆರಡು ತಿಂಗಳೂ ಬಿಲ್ಲು ನನ್ನ ಅಂದಾಜನ್ನು ಮೀರಿತು. ದೊಡ್ಡ ಮೊತ್ತವೇನಲ್ಲ. ಆದರೆ ಎರಡೂ ಸಲ ಹೆಚ್ಚುಕಡಿಮೆ ಅಷ್ಟೇ ಮೊತ್ತಕ್ಕೆ ಮೀರಿತ್ತು. ಹಣಕಾಸು ನೋಡುವ ಮುದೀರ್, ಅಂದರೆ ಮ್ಯಾನೇಜರು, ಸಿಟ್ಟಿನ ಮನುಷ್ಯರಲ್ಲ. ಮೆಲ್ಲಗೆ, ಚಹಾ ಕುಡಿಯುತ್ತಲೇ ಹೇಳಿದರು: "ಮೂರನೇ ತಿಂಗಳೂ ಹೀಗೇ ಆದರೆ ಖಲಾಸ್. ಈ ಕೆಲಸ ಹೊರಗಿನ ಕಂಪನಿಗೆ ಕೊಡ್ತೇನೆ." ಖಲಾಸ್ ಎಂದರೆ ನನ್ನ ಇಕಾಮಾ, ಇಲ್ಲಿ ವಾಸಿಸುವ ಪರವಾನಗಿ, ಖಲಾಸ್. ಹೆಂಡತಿ ಮತ್ತು ಮಗಳು ಈ ದೇಶದಲ್ಲಿರುವುದೇ ನನ್ನ ಇಕಾಮಾದ ನೆರಳಿನಲ್ಲಿ. ಮಗಳು ಆ ವರ್ಷ ಹತ್ತನೇ ತರಗತಿ. ಹುಟ್ಟಿದ್ದೂ ಇಲ್ಲೇ, ಓದಿದ್ದೂ ಇಲ್ಲೇ. ಊರೆಂದರೆ ಅವಳಿಗೆ ಸೊಳ್ಳೆ ಕಚ್ಚುವ ಒಂದು ರಜೆ. ನನಗೆ ನಲವತ್ತೇಳಾಗಿತ್ತು, ಆ ವಯಸ್ಸಿನಲ್ಲಿ ವೀಸಾಕ್ಕೆ ಹೊಣೆ ನಿಲ್ಲುವ ಹೊಸ ಕಫೀಲ್ ಹುಡುಕುವುದು ಹುಡುಗಾಟವಲ್ಲ. ನನಗೆ ನಿಜವಾಗಿ ಭಯವಾಗಿತ್ತು.

ಅದೇ ಮೂರನೇ ತಿಂಗಳಲ್ಲಿ, ಜುಲೈನಲ್ಲಿ, ಮೊದಲ ಫೋನು ಬಂತು. ಶುಕ್ರವಾರ. ಬೆಳಗಿನ ಪೂಜೆಗೆ ಇಗರ್ಜಿಗೆ ಹೋಗಿ ರಿಗ್ಗೈಯ ಫ್ಲ್ಯಾಟಿಗೆ ಮರಳಿದ್ದೆವು. ಹೆಂಡತಿ ಒಳಗೆ ಬಂಗುಡೆ ಹುರಿಯುತ್ತಿದ್ದಳು. ಹೊರಗೆ ಧೂಳೆದ್ದು ಆಕಾಶ ಬೂದಿಬಣ್ಣಕ್ಕೆ ತಿರುಗಿತ್ತು. ಎದುರಿನ ಮಸೀದಿಯಲ್ಲಿ ಜುಮ್ಮಾದ ಪ್ರವಚನ ನಡೆದಿತ್ತು. ಕಂಪನಿಯ ಫೋನು ರಿಂಗಾಯಿತು. ಯಾವುದೋ ಹೊರದೇಶದ ಉದ್ದ ನಂಬರು. ಎತ್ತಿದರೆ ಮೊದಲು ಸುಮ್ಮನೆ ಗುಂಯ್ ಎನ್ನುವ ಸದ್ದು. ಆಮೇಲೆ ಒಬ್ಬ ಗಂಡಸು, ನಮ್ಮ ಮಂಗಳೂರಿನ ಕನ್ನಡದಲ್ಲಿ, ಯಾವ ಅವಸರವೂ ಇಲ್ಲದೆ ಹೇಳಿದ:

"ಒಳಗೆ ಜನ ಉಂಟು. ಬಾಗಿಲು ತೆಗಿ."

ಕರೆ ಕಟ್ಟಾಯಿತು. ನಾನು ಎದ್ದು ಹೋಗಿ ನಮ್ಮ ಫ್ಲ್ಯಾಟಿನ ಬಾಗಿಲು ತೆಗೆದೆ. ಏಕೆ ತೆಗೆದೆನೋ ಈಗಲೂ ಗೊತ್ತಿಲ್ಲ. ಕಾರಿಡಾರಿನಲ್ಲಿ ಯಾರೂ ಇರಲಿಲ್ಲ. ಪಕ್ಕದ ಮನೆಯ ಮುಂದೆ ಮಕ್ಕಳ ಚಪ್ಪಲಿಗಳು ಮಾತ್ರ ಇದ್ದವು. "ಹೂ ವಾಸ್ ಇಟ್, ಪಪ್ಪಾ?" ಎಂದು ಮಗಳು ಕೋಣೆಯಿಂದಲೇ ಕೇಳಿದಳು. ರಾಂಗ್ ನಂಬರ್ ಎಂದೆ. ಕನ್ನಡದಲ್ಲಿ ರಾಂಗ್ ನಂಬರು ಬರುವುದು ಎಲ್ಲಾದರೂ ಉಂಟೇ ಎಂದು ಆಮೇಲೆ ತಲೆ ತಿನ್ನತೊಡಗಿತು.

ಮರುವಾರ ಕೆಲಸದ ದಿನವೇ ಒಮ್ಮೆ ಬಂತು, ಮಧ್ಯಾಹ್ನ ಹನ್ನೆರಡು ದಾಟಿದಾಗ. ಅದೇ ಗುಂಯ್, ಅದೇ ದನಿ, ಅದೇ ಎರಡು ಮಾತು. "ಯಾರು ಮಾತಾಡುದು?" ಎಂದು ಕೇಳಿದೆ. ನನ್ನ ಪ್ರಶ್ನೆಗೆ ಉತ್ತರ ಕೊಡುವವನ ಹಾಗೆ ಇನ್ನೊಮ್ಮೆ, ಅಷ್ಟೇ ಸಾವಧಾನವಾಗಿ ಹೇಳಿದ: "ಒಳಗೆ ಜನ ಉಂಟು. ಬಾಗಿಲು ತೆಗಿ." ಮೂರನೆಯ ಸಲ ಬಂದದ್ದು ಮತ್ತೊಂದು ಶುಕ್ರವಾರ. ಆ ನಂಬರಿಗೆ ತಿರುಗಿ ಫೋನು ಮಾಡಿದೆ. ಅಂಥ ನಂಬರು ಚಾಲ್ತಿಯಲ್ಲಿಲ್ಲ ಎಂದು ಅರಬ್ಬಿಯಲ್ಲೂ ಇಂಗ್ಲಿಷಿನಲ್ಲೂ ಒಂದು ಹೆಂಗಸಿನ ದನಿ ತಿಳಿಸಿತು.

ಹೆಂಡತಿಗೆ ಹೇಳಿದೆ. ಮನೆಯ ಕೊಂಕಣಿಯಲ್ಲಿ ಅವಳು ಅಂದದ್ದನ್ನು ಕನ್ನಡಕ್ಕೆ ತಂದರೆ ಇಷ್ಟು: "ಅವರ ಹೆಸರಿಗೆ ಓಗೊಡ್ಬೇಡ ಅಂದೆ, ಕೇಳ್ಲಿಲ್ಲ. ಈಗ ಅವರೇ ಕರೀತಿದ್ದಾರೆ." ನಾನು ಬೈದೆ. ಆದರೆ ಅಂದಿನಿಂದ ಆ ಫೋನನ್ನು ಮಲಗುವ ಕೋಣೆಯಲ್ಲಿ ಇಡಲಿಲ್ಲ, ಅಡುಗೆಮನೆಯ ಅಕ್ಕಿ ಡಬ್ಬದ ಮೇಲೆ ಇಡುತ್ತಿದ್ದೆ.

ಇತ್ತ ಬಿಲ್ಲು ಮತ್ತೆ ನನ್ನ ಗೆರೆಯ ಹತ್ತಿರ ಬಂದಿತ್ತು. ತಿಂಗಳು ಮುಗಿಯಲು ಎಂಟು ದಿನ ಇರುವಾಗ ಪಟ್ಟಿಯನ್ನು ಸಾಲು ಸಾಲಾಗಿ ಸೋಸಿದೆ. ಎಲ್ಲ ಸರಿಯಿತ್ತು. ಸರಿಯಿದ್ದೂ ಮೊತ್ತ ಸರಿ ಬರುತ್ತಿರಲಿಲ್ಲ. ಕೊನೆಗೆ ಹೊಳೆಯಿತು, ನಾನು ನೋಡುತ್ತಿದ್ದುದು ಕೊಲ್ಲಿಯ ಡೇಟಾ ಕೇಂದ್ರದಲ್ಲಿದ್ದ ನಮ್ಮ ಯಂತ್ರಗಳನ್ನು ಮಾತ್ರ. ಒಂದೇ ಖಾತೆಯಿಂದ ಬೇರೆ ದೇಶದ ಕೇಂದ್ರಗಳಲ್ಲೂ ಯಂತ್ರ ಬಾಡಿಗೆಗೆ ಪಡೆಯಬಹುದು, ಅಲ್ಲಿಯದು ಇಲ್ಲಿಯ ಪಟ್ಟಿಯಲ್ಲಿ ಕಾಣುವುದಿಲ್ಲ. ಒಂದೊಂದೇ ದೇಶ ತೆರೆಯುತ್ತ ಹೋದೆ. ಎಲ್ಲ ಖಾಲಿ. ಮುಂಬೈ ತೆರೆದರೆ ಅಲ್ಲೊಂದು ಸಣ್ಣ ಯಂತ್ರ ಒಂಟಿಯಾಗಿ, ಹಗಲಿರುಳೂ ಓಡುತ್ತಿತ್ತು. ನಮ್ಮ ಬೇರೆ ಯಂತ್ರಗಳಿಗೆಲ್ಲ ಸೇಲ್ಸ್, ಸ್ಟಾಕ್ ಎಂಬಂಥ ಇಂಗ್ಲಿಷ್ ಹೆಸರು. ಇದರ ಹೆಸರು ಇಂಗ್ಲಿಷ್ ಅಕ್ಷರದಲ್ಲಿದ್ದರೂ ಕನ್ನಡ: ಬಾಗಿಲು-೩.

ನಾನು ನಿಯಮದಂತೆ ನಡೆದುಕೊಂಡೆ. ಮಾಲೀಕನ ಜಾಗದಲ್ಲಿ ಒಂದು ನಂಬರಿತ್ತು, ಕಾರಣದ ಜಾಗ ಖಾಲಿಯಿತ್ತು. ಆ ನಂಬರು ಯಾರದೆಂದು ನೋಡದೆ, 'ಈ ಯಂತ್ರ ಇನ್ನೂ ಬೇಕೇ?' ಎಂಬ, ಕಚೇರಿಯಲ್ಲಿ ಮೊದಲಿನಿಂದಲೂ ಇದ್ದ ಸಿದ್ಧ ಮೇಲನ್ನು ಕಳಿಸಿದೆ. ನೂರಾರು ಸಲ ಕಳಿಸಿದ ಮೇಲದು. ಜನ ಮೂರು ದಿನವಾದರೂ ಉತ್ತರಿಸುವುದಿಲ್ಲ. ಇದಕ್ಕೆ ನಿಮಿಷದೊಳಗೆ ಉತ್ತರ ಬಂತು. ಇಂಗ್ಲಿಷಿನಲ್ಲಿ ಒಂದೇ ಸಾಲು: ಬೇಕು, ದಯವಿಟ್ಟು ಆಫ್ ಮಾಡಬೇಡಿ. ಕೆಳಗೆ ಆರು ತಿಂಗಳ ಹಿಂದೆ ಸತ್ತವರ ಹೆಸರು.

ಕಾರಣ ಸಂಜೆಯೊಳಗೆ ಗೊತ್ತಾಯಿತು. ಇಂಥ ಪ್ರಶ್ನೆ ಬಂದರೆ ಇಂಥ ಉತ್ತರ ತಾನಾಗಿಯೇ ಹೋಗಲಿ ಎಂದು ಅವರು ತಮ್ಮ ಮೇಲ್‌ಬಾಕ್ಸಿನಲ್ಲಿ ಒಂದು ಏರ್ಪಾಡು ಮಾಡಿಟ್ಟಿದ್ದರು. ಅವರ ಸಾಮಾನನ್ನು ನನಗೆ ಕೊಟ್ಟ ನಮ್ಮ ಕಂಪನಿ ಅವರ ಮೇಲ್‌ಬಾಕ್ಸನ್ನು ಮುಚ್ಚಲು ಮರೆತಿತ್ತು. ಕಾರಣ ತಿಳಿದರೆ ಭಯ ಹೋಗುತ್ತದೆ ಎನ್ನುವವರು ಒಮ್ಮೆ ಸತ್ತವರಿಂದ ಪತ್ರ ಪಡೆದು ನೋಡಬೇಕು. ಫೋನು ಬರುತ್ತಿದ್ದುದೂ ಆ ಯಂತ್ರದಿಂದಲೇ ಇರಬೇಕೆಂದು ನನಗೆ ಹೊಳೆಯಿತು. ಆ ದನಿ ಅವರದೇ. ತಮ್ಮ ನಂಬರಿಗೆ ತಾವೇ ಹೇಳಿಕೊಳ್ಳಲು ರೆಕಾರ್ಡು ಮಾಡಿಟ್ಟದ್ದು. ಆ ನಂಬರು ಈಗ ನನ್ನ ಜೇಬಿನಲ್ಲಿತ್ತು.

ಇಲ್ಲಿ ನಾನೊಂದು ಮಾತನ್ನು ನೇರವಾಗಿ ಹೇಳಿಬಿಡಬೇಕು. ಯಾವ ಬಾಗಿಲು ಎಂದು ನಾನು ಯಾರನ್ನೂ ಕೇಳಲಿಲ್ಲ. ಕೋಲ್ಡ್ ಸ್ಟೋರಿಗೆ ಒಂದು ಫೋನು ಮಾಡಿದ್ದರೆ ಸಾಕಿತ್ತು. ಕಾರಿನಲ್ಲಿ ಹದಿನೈದು ನಿಮಿಷದ ದಾರಿ. ಆದರೆ ಕೇಳಿದರೆ ಅದು ಬೇಕು ಎಂದು ಯಾರಾದರೂ ಹೇಳಿಯಾರು, ಹೇಳಿದರೆ ಅದರ ಬಾಡಿಗೆ ನನ್ನ ತಲೆಗೆ ಬಂದೀತು, ಬಿಲ್ಲು ಮತ್ತೆ ಗೆರೆ ದಾಟೀತು. ಅದಕ್ಕಿಂತ ಹೆಚ್ಚಾಗಿ, ಆ ದನಿ ನಿಲ್ಲಬೇಕಿತ್ತು ನನಗೆ. ಸಂಬಳದ ಪಟ್ಟಿಯಲ್ಲಿ ಇಲ್ಲದ ಮಾಲೀಕ ಮಾಲೀಕನಲ್ಲ ಎಂದು ನಿಯಮದ ಪುಸ್ತಕವೂ ಹೇಳುತ್ತಿತ್ತು. ಮರುದಿನ ಬೆಳಿಗ್ಗೆ ಹತ್ತು ಗಂಟೆಗೆ ಬಾಗಿಲು-೩ನ್ನು ಆಫ್ ಮಾಡಿದೆ.

ಹನ್ನೆರಡಕ್ಕೆ ನೋಡಿದರೆ ಅದು ಎದ್ದು ಕೂತಿತ್ತು. ಮತ್ತೆ ಆಫ್ ಮಾಡಿದೆ. ಚಹಾ ಕುಡಿದು ಬರುವಷ್ಟರಲ್ಲಿ ಮತ್ತೆ ಎದ್ದಿತ್ತು. ಕೋಣೆಯಲ್ಲಿ ಬೇರೆಯವರೂ ಇದ್ದರು, ಕೀಬೋರ್ಡುಗಳು ಟಕಟಕ ಎನ್ನುತ್ತಿದ್ದವು, ಕಿಟಕಿಯಲ್ಲಿ ಬಿಸಿಲು ಸುಡುತ್ತಿತ್ತು. ಹಾಗಿದ್ದೂ ನನ್ನ ಬೆನ್ನಹಿಂದೆ ಯಾರೋ ನಿಂತು ಪರದೆ ನೋಡುತ್ತಿದ್ದಾರೆ ಎನ್ನಿಸಿ ಎರಡು ಸಲ ತಿರುಗಿ ನೋಡಿದೆ. ಯಂತ್ರ ಸತ್ತರೆ ಅದರ ಜಾಗದಲ್ಲಿ ಇನ್ನೊಂದನ್ನು ಎಬ್ಬಿಸು ಎಂಬ ಆಜ್ಞೆಯನ್ನು ಅವರು ಬರೆದಿಟ್ಟಿದ್ದರು. ಅದನ್ನು ಹುಡುಕಿ ಅಳಿಸಿದೆ. ಮೂರನೆಯ ಸಲ ಆಫ್ ಮಾಡಿದಾಗ ಅದು ಏಳಲಿಲ್ಲ, ಪಟ್ಟಿಯಿಂದಲೂ ಅದನ್ನು ಅಳಿಸಿದೆ. ಮೇಲ್‌ಬಾಕ್ಸನ್ನೂ ಮುಚ್ಚಿಸಿದೆ.

ಫೋನು ಬರುವುದು ನಿಂತಿತು. ಜುಲೈ ಬಿಲ್ಲು ಅಂದಾಜಿನೊಳಗೇ ಮುಗಿಯಿತು. "ಮಾಶಾಅಲ್ಲಾ" ಎಂದು ಮುದೀರ್ ಕೈಕುಲುಕಿದರು. ನನ್ನ ಇಕಾಮಾ ನವೀಕರಣದ ಕಾಗದಕ್ಕೆ ಅಂದೇ ಸಹಿ ಹಾಕಿದರು. ಸಂಜೆ ಹೆಂಡತಿ ಮಗಳನ್ನು ಕರೆದುಕೊಂಡು ಸಮುದ್ರದ ಬದಿಗೆ ಹೋದೆ. ಸುಡುಗಾಳಿಯಲ್ಲೂ ಐಸ್‌ಕ್ರೀಮು ತಿಂದೆವು. ಅಷ್ಟು ಹಗುರಾಗಿ ನಾನು ನಕ್ಕು ಎಷ್ಟೋ ತಿಂಗಳಾಗಿತ್ತು.

ಆಗಸ್ಟಿನ ಎರಡನೆಯ ಶುಕ್ರವಾರ, ಶುವೈಖ್‌ನ ಕೋಲ್ಡ್ ಸ್ಟೋರಿನ ಮೂರನೆಯ ಕೋಣೆಯಲ್ಲಿ ಒಬ್ಬ ಕೆಲಸಗಾರ ಎರಡೂವರೆ ಗಂಟೆ ಸಿಕ್ಕಿಬಿದ್ದ. ಕೋಳಿ ಇಡುವ ಕೋಣೆ ಅದು, ಸೊನ್ನೆಗಿಂತ ಹದಿನೆಂಟು ಡಿಗ್ರಿ ಕೆಳಗೆ. ಜುಲೈ ಆಗಸ್ಟಿನ ಸುಡುಬಿಸಿಲಿನ ಮಧ್ಯಾಹ್ನ ಕೆಲಸಗಾರರು ಮೇಲಿನವರ ಕಣ್ಣು ತಪ್ಪಿಸಿ ಐದು ನಿಮಿಷ ತಂಪಿಗೆಂದು ಒಳಗೆ ನುಸುಳುವುದು ಅಲ್ಲಿ ಎಲ್ಲರಿಗೂ ಗೊತ್ತಿದ್ದ ಕಥೆ. ಪೆಟ್ಟಿಗೆಗಳು ಕಳುವಾಗುತ್ತಿವೆ ಎಂದು, ನಮಾಜಿನ ಹೊತ್ತಿಗೆ ಹೊರಗಿನಿಂದ ಚಿಲಕ ಹಾಕಿಕೊಂಡು ಹೋಗಬೇಕೆಂಬುದು ಕಾವಲುಗಾರನಿಗಿದ್ದ ಆಜ್ಞೆ. ಒಳಗಿನ ಹಿಡಿ ಮುರಿದು ಒಂದು ವರ್ಷವಾಗಿತ್ತು. ದಿನವೂ ಕಾವಲುಗಾರ ಅರ್ಧ ಗಂಟೆಯಲ್ಲಿ ಮರಳಿ ಬಂದು ತೆಗೆಯುತ್ತಿದ್ದ, ಅಪರೂಪಕ್ಕೆ ಒಳಗೆ ಸಿಕ್ಕಿಬಿದ್ದವನು ಹಲ್ಲು ಕಟಕಟಿಸುತ್ತ ನಗುತ್ತ ಹೊರಬರುತ್ತಿದ್ದ. ಆ ದಿನ ಮಸೀದಿಯಿಂದ ಹೊರಟವನಿಗೆ ಮೇಲಿನವರ ಫೋನು ಬಂದು, ಬೇರೊಂದು ಗೋದಾಮಿಗೆ ಕಾಗದ ಮುಟ್ಟಿಸಲು ಹೋಗಬೇಕಾಯಿತು. ಮೊಬೈಲಿಗೆ ಸಿಗ್ನಲ್ ಸಿಗದ ಆ ಕೋಣೆಯಲ್ಲಿ ಬರಿಗೈಯಲ್ಲಿ ಕಬ್ಬಿಣದ ಬಾಗಿಲನ್ನು ಬಡಿದು ಬಡಿದು, ಚಳಿಗೆ ಮರಗಟ್ಟಿ, ಆ ಕೆಲಸಗಾರನ ಬಲಗೈಯ ಮೂರು ಬೆರಳು ಹೋದವು. ಜೀವ ಉಳಿಯಿತು.

ಭಾನುವಾರ ಬೆಳಿಗ್ಗೆ ಮುದೀರ್ ಕೋಣೆಯಲ್ಲಿ ವಿಚಾರಣೆ. ಕಾವಲುಗಾರ ಹೈದರಾಬಾದಿನ ಕಡೆಯವರು, ಐವತ್ತು ದಾಟಿದವರು. ಗೋಡೆಗೆ ಆತುಕೊಂಡು, ಟೋಪಿಯನ್ನು ಎರಡೂ ಕೈಯಲ್ಲಿ ಹಿಡಿದು ನಿಂತಿದ್ದರು. ಕಂಪ್ಯೂಟರಿನ ವಿಷಯ ಬಂದರೆ ಇರಲಿ ಎಂದು ನನ್ನನ್ನೂ ಕರೆದಿದ್ದರು. ಚಿಲಕ ಹಾಕಿದ್ದೇಕೆ ಎಂದು ಕೇಳಿದ್ದಕ್ಕೆ ಕಾವಲುಗಾರ ಹೇಳಿದರು:

"ಪೆಹಲೇ ವಾಲೇ ಭಾಯಿ ಫೋನ್ ಕರ್ತೇ ಥೇ, ಸಾಬ್."

ಅವರು ಹೇಳಿದ್ದು ಕನ್ನಡದಲ್ಲಿ ಇಷ್ಟು: ಮೊದಲಿದ್ದ ಭಾಯಿ ಫೋನು ಮಾಡುತ್ತಿದ್ದರು. ಖೈತಾನ್‌ನ ಕಚೇರಿಯಲ್ಲಿ ಕೂತೇ, ಮೂರನೆಯ ಕೋಣೆಯಲ್ಲಿ ಮನುಷ್ಯರಿದ್ದಾರೆ, ಹೋಗಿ ತೆಗಿ ಎನ್ನುತ್ತಿದ್ದರು. ಹೋಗಿ ತೆಗೆದರೆ ಇರುತ್ತಿದ್ದರು. ಒಂದು ಸಲವೂ ತಪ್ಪಿದ್ದಿಲ್ಲ. ಅಷ್ಟು ದೂರದಿಂದ ಅವರಿಗೆ ಹೇಗೆ ಕಾಣುತ್ತದೆ ಎಂದು ನಾವು ಹೆದರುತ್ತಿದ್ದೆವು, ಅವರ ಕೈಯಲ್ಲಿ ಜಿನ್ ಎಂಬ ಭೂತವಿದೆ ಎಂದು ಹುಡುಗರು ಹೇಳುತ್ತಿದ್ದರು. ಬಾಗಿಲಿನ ಮೇಲೆ ಅವರೇ ಒಂದು ಸಣ್ಣ ಡಬ್ಬಿ ಅಂಟಿಸಿದ್ದಾರೆ, ಹಸಿರು ದೀಪ ಇದೆ. ಅವರು ತೀರಿಹೋದ ಮೇಲೆ ಯಾರೂ ಫೋನು ಮಾಡಲಿಲ್ಲ. ಹೊಸ ಭಾಯಿ ಬಂದಿದ್ದಾರೆ, ಏನಾದರೂ ಆದರೆ ಫೋನು ಬರುತ್ತದೆ ಎಂದುಕೊಂಡಿದ್ದೆ. ಇದನ್ನೆಲ್ಲ ಅವರು ನನ್ನ ಕಡೆ ನೋಡಿ ಹೇಳಲಿಲ್ಲ, ನೆಲ ನೋಡಿ ಹೇಳಿದರು. ಚಿಲಕ ಬಿದ್ದ ಮೇಲೂ ಒಳಗೆ ಮನುಷ್ಯರಿದ್ದರೆ ಆ ಡಬ್ಬಿ ಬಾಗಿಲು-೩ಕ್ಕೆ ಸುದ್ದಿ ಮುಟ್ಟಿಸುತ್ತಿತ್ತು, ಅದು ಫೋನು ಮಾಡುತ್ತಿತ್ತು ಎಂದು ನನಗೆ ಆಗ ತಿಳಿಯಿತು.

ಕೋಣೆಯಲ್ಲಿ ಯಾರೋ ಸಣ್ಣಗೆ ನಕ್ಕರು. ಜಿನ್ ಎಂಬ ಮಾತಿಗೆ ಇರಬೇಕು. ಮುದೀರ್ ನಗಲಿಲ್ಲ. ನನ್ನತ್ತ ತಿರುಗಿ ಇಂಗ್ಲಿಷಿನಲ್ಲಿ ಕೇಳಿದರು: "ಇಂಥದ್ದೇನಾದರೂ ನಮ್ಮ ಸಿಸ್ಟಮಿನಲ್ಲಿ ಇದೆಯಾ?"

ಮಗಳ ಪರೀಕ್ಷೆ ನೆನಪಾಯಿತು, ಸಹಿಯಾದ ಕಾಗದ ನೆನಪಾಯಿತು. ಬಾಗಿಲಾಚೆ ಬಡಿಯುತ್ತಿದ್ದ ಕೈಯೂ ನೆನಪಾಗದೆ ಇರಲಿಲ್ಲ.

"ನೋ, ಸರ್" ಎಂದೆ.

ಆ ನಿಮಿಷಕ್ಕೆ ಅದು ಸುಳ್ಳಲ್ಲ. ಬೇಕಿದ್ದರೆ ಪಟ್ಟಿ ತೆರೆದು ತೋರಿಸಬಹುದಿತ್ತು. ಅಷ್ಟು ಅಚ್ಚುಕಟ್ಟಾಗಿ ನಾನು ಅಳಿಸಿದ್ದೆ. ಕಾವಲುಗಾರ ತಲೆಯೆತ್ತಿ ನನ್ನನ್ನು ನೋಡಿದರು. ಸಿಟ್ಟಿನಿಂದಲ್ಲ. ತನಗೇ ಏನೋ ತಪ್ಪು ನೆನಪಿರಬೇಕು ಎಂದುಕೊಳ್ಳುವವರ ಹಾಗೆ ನೋಡಿದರು. ನೆಪ ಹೇಳುವ ಮುದುಕ ಎಂದು ತೀರ್ಮಾನವಾಯಿತು. ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ. ಅವರ ವೀಸಾ ರದ್ದು ಮಾಡಿ ಊರಿಗೆ ಕಳಿಸುವುದೆಂದಾಯಿತು. ಚಿಲಕ ಹಾಕುವ ಆಜ್ಞೆ ಕೊಟ್ಟವರು, ಒಳಗಿನ ಹಿಡಿ ರಿಪೇರಿ ಮಾಡಿಸದವರು, ನಾನು, ಎಲ್ಲರೂ ನಮ್ಮ ನಮ್ಮ ಕುರ್ಚಿಗಳಿಗೆ ಮರಳಿದೆವು.

ಅದೇ ದಿನ, ಉಳಿದಿದ್ದ ಹಳೆಯ ಬ್ಯಾಕಪ್ಪಿನಿಂದ ಬಾಗಿಲು-೩ನ್ನು ಮತ್ತೆ ಎಬ್ಬಿಸಿದೆ. ಮಾಲೀಕನ ಜಾಗದಲ್ಲಿ ನನ್ನ ನಂಬರು ಹಾಕಿದೆ, ಕಾರಣದ ಜಾಗದಲ್ಲಿ ಸುರಕ್ಷತೆ ಎಂದು ಬರೆದೆ. ಮುಂದಿನ ತಿಂಗಳ ಅಂದಾಜಿನಲ್ಲಿ ಅದರ ಬಾಡಿಗೆಯನ್ನು ಬೇರೆ ಸಾಲಾಗಿ ಸೇರಿಸಿ ಮುದೀರ್ ಮುಂದಿಟ್ಟೆ. ಅವರು ಓದಿದರು. ಇದೇನು ಎಂದು ಕೇಳಿದರು. ಮೊನ್ನೆಯ ಘಟನೆಯ ನಂತರ ನಾನೇ ಮಾಡಿದ ಹೊಸ ಏರ್ಪಾಡು ಎಂದೆ. "ಗುಡ್, ವೆರಿ ಗುಡ್" ಎಂದು ಗೆರೆಯನ್ನೇ ಮೇಲಕ್ಕೆ ಸರಿಸಿ ಸಹಿ ಹಾಕಿದರು. ಅಷ್ಟು ಸುಲಭವಿತ್ತು. ಜುಲೈನಲ್ಲೇ ಕೇಳಿದ್ದರೂ ಬಹುಶಃ ಹಾಗೇ ಹಾಕುತ್ತಿದ್ದರು.

ಕಾವಲುಗಾರ ಹೊರಡುವ ದಿನ ಕಚೇರಿಗೆ ಬಂದರು. ಗಲ್ಫ್ ಬಿಟ್ಟು ಹೋಗುವವರಲ್ಲಿ ಒಂದು ಪದ್ಧತಿಯಿದೆ. ಜೊತೆಗೆ ದುಡಿದ ಪ್ರತಿಯೊಬ್ಬರ ಬಳಿ ಹೋಗಿ ಕೈಹಿಡಿದು, ಆಡಿದ್ದು ಕೇಳಿದ್ದೆಲ್ಲ ಮನ್ನಿಸಿ ಎನ್ನಬೇಕು. ಎದುರಿನವರು ಮನ್ನಿಸಿದೆ ಎಂದು ಹೇಳಿ, ನೀವೂ ನನ್ನನ್ನು ಮನ್ನಿಸಿ ಎಂದು ತಿರುಗಿ ಕೇಳಬೇಕು. ಎರಡೂ ಆದರೆ ಮಾತ್ರ ಋಣ ಹರಿದಂತೆ. ಇಸ್ತ್ರಿ ಮಾಡಿದ ಅಂಗಿ ಹಾಕಿಕೊಂಡು ಮೇಜಿನಿಂದ ಮೇಜಿಗೆ ಬರುತ್ತಿದ್ದರು. ಎದ್ದು ಬಾತ್‌ರೂಮಿಗೆ ಹೋಗಿಬಿಡೋಣ ಎನ್ನಿಸಿತು. ಅಷ್ಟರಲ್ಲಿ ಅವರು ನನ್ನ ಮುಂದಿದ್ದರು. ನನ್ನ ಕೈಯನ್ನು ತಮ್ಮ ಎರಡೂ ಕೈಯಲ್ಲಿ ಹಿಡಿದರು.

"ಭಾಯಿ, ಕಹಾ ಸುನಾ ಮಾಫ್ ಕರ್ನಾ."

"ಮಾಫ್ ಕಿಯಾ" ಎಂದೆ.

ಅವರು ಕೈ ಬಿಡಲಿಲ್ಲ. ನನ್ನ ಬಾಯಿಂದ ಬರಬೇಕಾದ ಇನ್ನರ್ಧಕ್ಕೆ ಕಾಯುತ್ತಿದ್ದರು. ಕೇಳಿದ್ದರೆ, ಏನೆಂದು ತಿಳಿಯದೆಯೇ ಮನ್ನಿಸಿಬಿಡುತ್ತಿದ್ದರು. ನಾನು ಅವರ ಅಂಗಿಯ ಗುಂಡಿಯನ್ನೇ ನೋಡುತ್ತ ನಿಂತೆ. ಕೊನೆಗೆ ನನ್ನ ಕೈಯನ್ನು ಮೆಲ್ಲಗೆ ಮೇಜಿನ ಮೇಲೆ ಇಟ್ಟು ಅವರು ಮುಂದಿನ ಮೇಜಿಗೆ ಹೋದರು.